ಕಾಗದವಿಲ್ಲದ ದುಡಿಮೆಯ ಬೆಲೆ

ರಸ್ತೆ ಅಪಘಾತದಲ್ಲಿ ಮೃತಪಟ್ಟವರ ಕುಟುಂಬಕ್ಕೆ ಸಲ್ಲುವ ಪರಿಹಾರ ಸರಕಾರದ ದಾನವಲ್ಲ, ವಾಹನ ಮಾಲೀಕರ ಔದಾರ್ಯವೂ ಅಲ್ಲ. 1988ರ ಮೋಟಾರು ವಾಹನ ಕಾಯ್ದೆಯ 166ನೇ ಕಲಮು ಕೊಟ್ಟ ಹಕ್ಕು ಅದು. ಥರ್ಡ್ ಪಾರ್ಟಿ ವಿಮೆ ಕಡ್ಡಾಯವಾಗಿರುವುದರಿಂದ ಸಾಮಾನ್ಯವಾಗಿ ವಿಮಾ ಕಂಪನಿಯೇ ಹಣ ಕೊಡಬೇಕು. ಈ ಹಕ್ಕು ಎಲ್ಲ ಕುಟುಂಬಗಳಿಗೂ ಸಮನಾಗಿ ದಕ್ಕುತ್ತಿದೆಯೇ ಎಂಬುದು ಕೇಳಬೇಕಾದ ಪ್ರಶ್ನೆ.

ಶಿರಾಡಿ ಘಾಟಿಯ ಬುಡದ ಗುಂಡ್ಯದಲ್ಲಿ ಈ ಪ್ರಶ್ನೆಗೆ ವಿಶೇಷ ತೂಕವಿದೆ. ರಾಷ್ಟ್ರೀಯ ಹೆದ್ದಾರಿ 75ರಿಂದ ಸುಬ್ರಹ್ಮಣ್ಯದ ರಸ್ತೆ ಕವಲೊಡೆಯುವುದು ಇಲ್ಲಿಯೇ. ಮಂಗಳೂರಿನಿಂದ ಘಟ್ಟ ಹತ್ತುವ ಲಾರಿ, ಟ್ಯಾಂಕರುಗಳು, ರಾತ್ರಿ ಬಸ್ಸುಗಳು, ಯಾತ್ರಿಕರ ವಾಹನಗಳು, ಊರವರ ಬೈಕುಗಳು ಒಂದೇ ರಸ್ತೆಯಲ್ಲಿ ಓಡಾಡುತ್ತವೆ. ವಾಹನ ಒಂದೂರಿನದು, ಮೃತರು ಇನ್ನೊಂದೂರಿನವರು ಎಂಬ ಸಂದರ್ಭಕ್ಕೆ ಕಾಯ್ದೆಯಲ್ಲಿ ದಾರಿಯಿದೆ. ಅಪಘಾತ ನಡೆದ ಸ್ಥಳ, ಅರ್ಜಿದಾರರು ವಾಸಿಸುವ ಊರು, ಪ್ರತಿವಾದಿಯ ಊರು, ಈ ಮೂರರಲ್ಲಿ ಯಾವುದರ ನ್ಯಾಯಮಂಡಳಿಗಾದರೂ ಅರ್ಜಿ ಹಾಕಬಹುದು.

ಅರ್ಜಿಗೆ ಎರಡು ಹಾದಿಗಳಿವೆ. 2022ರ ಏಪ್ರಿಲ್ 1ರಿಂದ ಜಾರಿಯಲ್ಲಿರುವ 164ನೇ ಕಲಮಿನಂತೆ ಚಾಲಕನ ತಪ್ಪನ್ನು ಸಾಬೀತುಪಡಿಸದೆಯೇ 5 ಲಕ್ಷ ರೂಪಾಯಿ ಪಡೆಯಬಹುದು. 166ನೇ ಕಲಮಿನಲ್ಲಿ ನಿರ್ಲಕ್ಷ್ಯವನ್ನು ತೋರಿಸಬೇಕು, ಆದರೆ ಮೊತ್ತಕ್ಕೆ ಮಿತಿಯಿಲ್ಲ. ಅಲ್ಲಿನ ಲೆಕ್ಕಾಚಾರವನ್ನು ಸುಪ್ರೀಂ ಕೋರ್ಟು 2009ರ ಸರಳಾ ವರ್ಮಾ ಮತ್ತು 2017ರ ಪ್ರಣಯ್ ಸೇಠಿ ತೀರ್ಪುಗಳಲ್ಲಿ ಖಚಿತಗೊಳಿಸಿದೆ. 34 ವರ್ಷದ ರಬ್ಬರ್ ಟ್ಯಾಪಿಂಗ್ ಕಾರ್ಮಿಕನೊಬ್ಬ ಹೆಂಡತಿ, ಇಬ್ಬರು ಮಕ್ಕಳು ಮತ್ತು ತಾಯಿಯನ್ನು ಬಿಟ್ಟು ತೀರಿಕೊಂಡನೆನ್ನೋಣ. ಅವನ ತಿಂಗಳ ಆದಾಯ 15,000 ಎಂದು ನ್ಯಾಯಮಂಡಳಿ ಒಪ್ಪಿದರೆ ವರ್ಷಕ್ಕೆ 1,80,000. ಭವಿಷ್ಯದ ಏಳಿಗೆಗೆಂದು ಶೇಕಡಾ 40 ಸೇರಿಸಿ, ಸ್ವಂತ ಖರ್ಚಿಗೆಂದು ನಾಲ್ಕನೇ ಒಂದು ಭಾಗ ಕಳೆದು, ವಯಸ್ಸಿನ ಗುಣಕ 16ರಿಂದ ಗುಣಿಸಿದಾಗ 30,24,000 ರೂಪಾಯಿ ಬರುತ್ತದೆ. ಆದಾಯ 10,000 ಎಂದಾದರೆ ಇದೇ ಸೂತ್ರ ಕೊಡುವುದು 20,16,000. ತಿಂಗಳ ಆದಾಯದಲ್ಲಿ ಒಂದು ಸಾವಿರ ಕಡಿಮೆಯಾದರೆ ಕುಟುಂಬ ಎರಡು ಲಕ್ಷಕ್ಕೂ ಮೀರಿ ಕಳೆದುಕೊಳ್ಳುತ್ತದೆ.

ಹೀಗೆ ಸೂತ್ರ ಸಮನಾಗಿದ್ದರೂ ಫಲ ಸಮನಾಗುವುದಿಲ್ಲ. ಸಂಬಳದ ಚೀಟಿಯುಳ್ಳ ನೌಕರನ ಆದಾಯ ಪೂರ್ತಿಯಾಗಿ ಲೆಕ್ಕಕ್ಕೆ ಬರುತ್ತದೆ. ಅಡಿಕೆ ಕೊಯ್ಯುವವರು, ತೋಟದ ಆಳುಗಳು, ಗಾರೆ ಕೆಲಸದವರ ಕೂಲಿ ಕೈಯಿಂದ ಕೈಗೆ ಬರುವಂಥದ್ದು. ದಾಖಲೆಯಿಲ್ಲದಿದ್ದಾಗ ನ್ಯಾಯಮಂಡಳಿ ಕಾಲ್ಪನಿಕ ಆದಾಯವನ್ನು ಊಹಿಸುತ್ತದೆ, ಆ ಊಹೆ ನಿಜವಾದ ಕೂಲಿಗಿಂತ ಕೆಳಗಿರುವ ಅಪಾಯವಿದೆ. ಗೃಹಿಣಿಯ ದುಡಿಮೆಗೂ ಆದಾಯ ನಿಗದಿಪಡಿಸಬೇಕೆಂದು 2021ರ ಕೀರ್ತಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟು ಹೇಳಿದೆ. ಹಣವೇ ಎಣಿಸದ ದುಡಿಮೆಗೆ ಬೆಲೆ ಕಟ್ಟಬಹುದಾದರೆ ದಿನಗೂಲಿಗೆ ಕಟ್ಟಲಾಗದು ಎನ್ನಲು ಕಾರಣವಿಲ್ಲ.

ಬಾಯಿಮಾತನ್ನು ನಂಬಿದರೆ ಉತ್ಪ್ರೇಕ್ಷೆಯ ಅರ್ಜಿಗಳು ಹೆಚ್ಚಿ, ಆ ಹೊರೆ ಕೊನೆಗೆ ವಿಮೆಯ ಕಂತು ಕಟ್ಟುವ ಎಲ್ಲರ ಮೇಲೂ ಬೀಳುತ್ತದೆ ಎಂಬ ಆಕ್ಷೇಪ ತಳ್ಳಿಹಾಕುವಂಥದ್ದಲ್ಲ. ಆದರೆ ಸಾಕ್ಷ್ಯವೆಂದರೆ ಸಂಬಳದ ಚೀಟಿಯೊಂದೇ ಅಲ್ಲ. ಹಾಲಿನ ಸೊಸೈಟಿಯ ಪಾಸ್‌ಬುಕ್, ಬೀಡಿ ಕಾರ್ಮಿಕರ ಭವಿಷ್ಯನಿಧಿ ಖಾತೆ, ಸ್ವಸಹಾಯ ಸಂಘದ ಸಾಲದ ಕಂತು, ಕೆಲಸ ಕೊಟ್ಟ ತೋಟದವರ ಹೇಳಿಕೆ ಇವೆಲ್ಲ ಪಾಟೀಸವಾಲಿನಲ್ಲಿ ಪರೀಕ್ಷಿಸಬಹುದಾದ ಸಾಕ್ಷ್ಯಗಳೇ. ಇವೂ ಇಲ್ಲದಾಗ ಸರಕಾರದ ಕನಿಷ್ಠ ವೇತನ ಅಧಿಸೂಚನೆ ಆದಾಯದ ತಳಮಟ್ಟವಾಗಬೇಕು.

ಕಾಲಮಿತಿಯೂ ಬಡವರಿಗೇ ಭಾರ. 2019ರ ತಿದ್ದುಪಡಿ ಅರ್ಜಿ ಸಲ್ಲಿಸಲು ಆರು ತಿಂಗಳ ಗಡುವನ್ನು ತಂದಿತು, ಅದರ ಸಿಂಧುತ್ವವನ್ನು ನ್ಯಾಯಾಲಯದಲ್ಲಿ ಪ್ರಶ್ನಿಸಲಾಗಿದೆ. ಆ ವಿಚಾರ ಏನಾದರೂ ಆಗಲಿ, ಕುಟುಂಬಗಳು ತಡಮಾಡದೆ ಎಫ್‌ಐಆರ್, ಮಹಜರು, ಮರಣೋತ್ತರ ವರದಿಗಳ ಪ್ರತಿ ಪಡೆಯುವುದು ಕ್ಷೇಮ. ವಕೀಲರ ಶುಲ್ಕ ಭರಿಸಲಾಗದವರು ತಾಲ್ಲೂಕು ಕಾನೂನು ಸೇವಾ ಸಮಿತಿಯ ನೆರವು ಕೇಳಬಹುದು.

ಹೋದ ಜೀವಕ್ಕೆ ಯಾವ ಮೊತ್ತವೂ ಸಾಟಿಯಲ್ಲ. ನಿಂತುಹೋದ ದುಡಿಮೆಗಾದರೂ ನ್ಯಾಯವಾದ ಬೆಲೆ ಸಿಗಬೇಕು, ಕಾಗದವಿಲ್ಲ ಎಂಬ ಕಾರಣಕ್ಕೆ ಅದು ತಗ್ಗಬಾರದು.