ಕಂಠದಿಂದ ಕಂಠಕ್ಕೆ

ವಾದ್ಯಗಳ ನೆರವಿಲ್ಲದೆ ಕೇವಲ ಕಂಠಗಳ ಮೇಳದಿಂದ ಹಾಡುವ ಪದ್ಧತಿಗೆ ಪಶ್ಚಿಮದಲ್ಲಿ ‘ಅ ಕಪೆಲ್ಲ’ ಎಂದು ಹೆಸರು. ‘ಪ್ರಾರ್ಥನಾಮಂದಿರದ ರೀತಿ’ ಎಂಬುದು ಆ ಇಟಾಲಿಯನ್ ಮಾತಿನ ಅರ್ಥ. ಅಮೇರಿಕೆಯ ಯೇಲ್ ವಿಶ್ವವಿದ್ಯಾಲಯದಲ್ಲಿ 1909ರಲ್ಲಿ ಐವರು ವಿದ್ಯಾರ್ಥಿಗಳು ಕಟ್ಟಿದ ‘ವಿಫೆನ್‌ಪೂಫ್ಸ್’ ಎಂಬ ಮೇಳವು ಇಂತಹದು. ವರ್ಷ ತುಂಬಿದೊಡನೆ ಅದರ ಹಳಬರು ತೆರಳುತ್ತಾರೆ, ಹೊಸಬರು ಬರುತ್ತಾರೆ. ಹಾಡು ಮಾತ್ರ ನಿಂತಿಲ್ಲ. ಆದರೆ ಆ ಮೇಳದಲ್ಲಿ ವಿದ್ಯಾರ್ಥಿನಿಗೆ ಸ್ಥಾನ ದೊರೆತದ್ದು 2018ರಲ್ಲಿ.

ಹನ್ನೆರಡನೆಯ ಶತಮಾನದಲ್ಲಿಯೇ ಶರಣೆಯರ ವಾಣಿಗೆ ಮನ್ನಣೆಯಿತ್ತ ಪರಂಪರೆ ನಮ್ಮದು. ಫ. ಗು. ಹಳಕಟ್ಟಿಯವರು 1923ರಲ್ಲಿ ‘ವಚನಶಾಸ್ತ್ರಸಾರ’ವನ್ನು ಪ್ರಕಟಿಸಿ ವಚನಗಳನ್ನು ಜನರ ಕೈಗಿತ್ತರು, ಕರ್ನಾಟಕ ವಿಶ್ವವಿದ್ಯಾಲಯದ ಸಂಗೀತ ವಿಭಾಗವನ್ನು ನಡೆಸಿದ ಮಲ್ಲಿಕಾರ್ಜುನ ಮನಸೂರರು ಅವುಗಳನ್ನು ಸಂಗೀತ ಸಭೆಗಳಲ್ಲಿ ಹಾಡಿದರು. ಭಜನೆ, ಪಾರಿಜಾತಗಳ ನಾಡಾದ ಮಹಾಲಿಂಗಪುರ ಸೀಮೆಗೆ ಕೂಡಿ ಹಾಡುವುದು ಹೊಸತಲ್ಲ.

ಹೀಗಿರಲು, ಇಂದು ಎಷ್ಟೋ ಶಾಲೆಗಳಲ್ಲಿ ಬೆಳಗಿನ ಪ್ರಾರ್ಥನೆಯನ್ನು ಧ್ವನಿವರ್ಧಕವೇ ಹಾಡುತ್ತದೆ. ಮಕ್ಕಳು ಕೈಮುಗಿದು ಸುಮ್ಮನೆ ನಿಲ್ಲುತ್ತಾರೆ. ಧ್ವನಿಮುದ್ರಿಕೆಯಲ್ಲಿ ಶ್ರುತಿ ತಪ್ಪದೆಂಬುದು ನಿಜ. ಆದರೆ ಶ್ರುತಿ ತಪ್ಪಿ, ಪಕ್ಕದವನ ದನಿಗೆ ಕಿವಿಗೊಟ್ಟು, ತಿದ್ದಿಕೊಳ್ಳುವುದೇ ಶಿಕ್ಷಣವಲ್ಲವೇ? ಯಂತ್ರ ಹಾಡಿದ ವಚನ ಕಿವಿಯ ಹೊರಗೇ ಉಳಿದೀತು. ತಾನೇ ಹಾಡಿದ ವಚನ ಮುಪ್ಪಿನವರೆಗೂ ಜೊತೆಗೆ ಬಂದೀತು.

ಆದುದರಿಂದ ಪ್ರತಿ ಶಾಲೆಯಲ್ಲಿಯೂ ಬಾಲಕ ಬಾಲಕಿಯರು ಕೂಡಿದ ವಚನಮೇಳವೊಂದು ಇರಬೇಕು. ಹತ್ತನೆಯ ತರಗತಿಯವರು ಹೊರಡುವ ಮುನ್ನ ಕಿರಿಯರಿಗೆ ಹಾಡು ಒಪ್ಪಿಸಿಹೋಗಬೇಕು. ಮಹಾದಾನಿಗಳು ಧ್ವನಿವರ್ಧಕವನ್ನು ಕೊಡುವುದಕ್ಕಿಂತ ಸಂಗೀತ ಶಿಕ್ಷಕರೊಬ್ಬರ ವೇತನದ ಭಾರ ಹೊರುವುದು ಮಿಗಿಲಾದ ದಾಸೋಹ. ಯಂತ್ರ ಕೆಟ್ಟರೆ ಮೌನ. ಕಂಠದಿಂದ ಕಂಠಕ್ಕೆ ಸಂದ ಹಾಡಿಗೆ ಆ ಭಯವಿಲ್ಲ.