ಮೂರೆಳೆಯ ಹುರಿ

ಭೌತಶಾಸ್ತ್ರವನ್ನು ಆಯ್ದುಕೊಂಡ ವಿದ್ಯಾರ್ಥಿಯು ಜೀವಶಾಸ್ತ್ರದ ಪುಸ್ತಕವನ್ನು ಮುಚ್ಚಿಟ್ಟುಬಿಡುವ ಪದ್ಧತಿ ನಮ್ಮಲ್ಲಿ ಬೇರೂರಿದೆ. ಇದರಿಂದ ಎರಡು ಶಾಸ್ತ್ರಗಳಿಗೂ ನಷ್ಟವೆಂಬುದು ನಮ್ಮ ಅಭಿಪ್ರಾಯ.

ಚರ್ಮ, ಮೂಳೆ, ಸ್ನಾಯುರಜ್ಜುಗಳಿಗೆ ಬಲವನ್ನೀಯುವ ಪ್ರೋಟೀನು ಕೊಲಾಜೆನ್. ಕ್ಷ-ಕಿರಣಗಳ ನೆರವಿನಿಂದ ಅದರ ರಚನೆಯನ್ನು 1954-55ರಲ್ಲಿ ಮದರಾಸು ವಿಶ್ವವಿದ್ಯಾನಿಲಯದಲ್ಲಿ ಬಿಡಿಸಿದ ಜಿ. ಎನ್. ರಾಮಚಂದ್ರನ್ ಮತ್ತು ಗೋಪಿನಾಥ ಕರ್ತಾ ಭೌತವಿಜ್ಞಾನಿಗಳು. ಮೂರು ಎಳೆಗಳು ಹಗ್ಗದಂತೆ ಹೊಸೆದುಕೊಂಡಿವೆಯೆಂದು ಅವರು ತೋರಿಸಿದರು. ಪ್ರತಿ ಎಳೆಯಲ್ಲಿಯೂ ಮೂರಕ್ಕೊಂದರಂತೆ ಗ್ಲೈಸೀನ್ ಇರಬೇಕು. ಅಮೈನೊ ಆಮ್ಲಗಳಲ್ಲೆಲ್ಲ ಅದೇ ಚಿಕ್ಕದು; ಹುರಿಯ ನಡುವೆ ಬೇರೊಂದಕ್ಕೆ ಎಡೆಯಿಲ್ಲ. ಒಂದೇ ಒಂದು ಗ್ಲೈಸೀನಿನ ಸ್ಥಳದಲ್ಲಿ ದೊಡ್ಡದೊಂದು ಬಂದು ಸೇರಿದರೂ ಹೊಸೆತ ಕೆಡುತ್ತದೆ. ಅಲ್ಪ ಪೆಟ್ಟಿಗೂ ಮೂಳೆ ಮುರಿಯುವ ರೋಗದೊಡನೆ ಮಗು ಹುಟ್ಟಬಹುದು. ಆಹಾರದಲ್ಲಿ ಸಿ ಜೀವಸತ್ತ್ವದ ಕೊರತೆಯಾದರೆ ಎಳೆಗಳ ಹಿಡಿತ ಸಡಿಲವಾಗಿ, ಒಸಡಿನಿಂದ ರಕ್ತ ಒಸರುವ ಸ್ಕರ್ವಿ ರೋಗ ಬರುತ್ತದೆ.

ಅಳತೆ, ಎಡೆ, ಹಿಡಿತ ಇವೆಲ್ಲ ಭೌತಶಾಸ್ತ್ರದ ಮಾತುಗಳಲ್ಲವೆ? ಪಾಠಪಟ್ಟಿಯ ಗಡಿಗಳನ್ನು ನಾವು ಹಾಕಿಕೊಂಡಿದ್ದೇವೆ; ಮೂಳೆಗೆ ಅವುಗಳ ಅರಿವಿಲ್ಲ. ಇಂಥ ರೋಗಗಳಿಗೆ ಮದ್ದು ಹುಡುಕಬೇಕಾದವರು ಇಂದಿನ ವಿದ್ಯಾರ್ಥಿಗಳೇ. ಮುಚ್ಚಿಟ್ಟ ಆ ಪುಸ್ತಕವನ್ನು ಅವರು ಮತ್ತೆ ತೆರೆಯಲಿ.