ಸಹಿ ಹಾಕುವ ಮುನ್ನ ಕನ್ನಡದಲ್ಲಿ ಲೆಕ್ಕ ಕೇಳಿ!

ಮನೆ ಕಟ್ಟಿ ನೋಡು, ಮದುವೆ ಮಾಡಿ ನೋಡು ಎಂದರು ನಮ್ಮ ಹಿರಿಯರು. ಇಂದಿನ ಬೆಂಗಳೂರಿನಲ್ಲಿ ಅವರಿದ್ದಿದ್ದರೆ ಮೂರನೆಯದನ್ನೂ ಸೇರಿಸುತ್ತಿದ್ದರು: ಮನೆ ಸಾಲದ ಕಾಗದ ಓದಿ ನೋಡು! ಏಕೆಂದರೆ ನಮ್ಮ ಹುಡುಗ ಹುಡುಗಿಯರು ಈಗ ಮನೆ ಕಟ್ಟುತ್ತಿಲ್ಲ, ಕಂತು ಕಟ್ಟುತ್ತಿದ್ದಾರೆ. ಕೆಲಸ ಕಾಯಂ ಆಗಿ ನಾಲ್ಕು ಸಂಬಳ ಕೈಗೆ ಬರುವಷ್ಟರಲ್ಲಿ ಫೋನು ಬರುತ್ತದೆ. "ಸರ್, ನಿಮಗೆ 50 ಲಕ್ಷ ಸಾಲ ಮಂಜೂರಾಗಿದೆ!" ಕೇಳದವನಿಗೂ ಮಂಜೂರು ಮಾಡುವ ಈ ಉದಾರಿಗಳು ಯಾರು? ಇವರಿಗೆ ನಮ್ಮ ಮೇಲೆ ಇಷ್ಟೊಂದು ಪ್ರೀತಿ ಏಕೆ?

ಯುವ ಮಿತ್ರರೇ, ನಾನು ಪ್ರೆಸ್ಸಿನವನು. ಪಿಯುಸಿ ಮುಗಿಸಿ ಅಚ್ಚಿನ ಕೆಲಸಕ್ಕೆ ಬಂದವನು. ದೊಡ್ಡ ಅರ್ಥಶಾಸ್ತ್ರ ನನಗೆ ಗೊತ್ತಿಲ್ಲ. ಆದರೆ ಒಂದು ಕರಪತ್ರದ ಅಕ್ಷರಗಳ ಗಾತ್ರ ನೋಡಿದರೆ ಸಾಕು, ಯಾವುದನ್ನು ನಿಮಗೆ ತೋರಿಸಬೇಕೆಂದಿದ್ದಾರೆ, ಯಾವುದನ್ನು ಬಚ್ಚಿಡಬೇಕೆಂದಿದ್ದಾರೆ ಎಂಬುದು ತಿಳಿದುಬಿಡುತ್ತದೆ. ಮನೆ ಸಾಲದ ಜಾಹೀರಾತಿನಲ್ಲಿ ತಿಂಗಳ ಕಂತು 72 ಪಾಯಿಂಟಿನ ದಪ್ಪ ಅಕ್ಷರದಲ್ಲಿರುತ್ತದೆ. ಷರತ್ತುಗಳು 6 ಪಾಯಿಂಟಿನಲ್ಲಿ, ಇರುವೆ ಸಾಲಿನಂತೆ. ಕೊನೆಗೆ ನೀವು ಒಟ್ಟು ಎಷ್ಟು ಕಟ್ಟುತ್ತೀರಿ ಎಂಬ ಮೊತ್ತ? ಅದು ಯಾವ ಪಾಯಿಂಟಿನಲ್ಲೂ ಇರುವುದಿಲ್ಲ!

ಆ ಮೊತ್ತವನ್ನು ಇಲ್ಲಿ ನಾವೇ ಅಚ್ಚು ಹಾಕೋಣ. ಪೆನ್ನು ಹಿಡಿಯಿರಿ.

ಸಾಲ 50 ಲಕ್ಷ. ಬಡ್ಡಿ ಶೇ. 8.5. ಅವಧಿ 20 ವರ್ಷ. ತಿಂಗಳ ಕಂತು 43,391 ರೂಪಾಯಿ. ಇದನ್ನು 240 ತಿಂಗಳು ತಪ್ಪದೆ ಕಟ್ಟಿದರೆ ಒಟ್ಟು 1 ಕೋಟಿ 4 ಲಕ್ಷ ರೂಪಾಯಿ ದಾಟುತ್ತದೆ. ಅಂದರೆ ತೆಗೆದುಕೊಂಡದ್ದು 50 ಲಕ್ಷ, ಅದರ ಮೇಲೆ ಬಡ್ಡಿಯೇ 54 ಲಕ್ಷ! ಒಂದು ಮನೆ ನಿಮಗೆ, ಒಂದು ಮನೆ ಬ್ಯಾಂಕಿಗೆ. ಎರಡನ್ನೂ ಕಟ್ಟಿಸುವವರು ನೀವೇ.

ಇನ್ನೂ ಒಳಗೆ ಇಳಿಯೋಣ. ಮೊದಲ ತಿಂಗಳು ಕಟ್ಟಿದ 43,391ರಲ್ಲಿ 35,417 ರೂಪಾಯಿ ಬಡ್ಡಿಗೆ ಹೋಗುತ್ತದೆ. ಅಸಲಿಗೆ ಜಮಾ ಆಗುವುದು ಬರೀ 7,974. ಐದು ವರ್ಷದಲ್ಲಿ ನೀವು 26 ಲಕ್ಷ ಕಟ್ಟಿರುತ್ತೀರಿ. ಎದೆ ಉಬ್ಬಿಸಿಕೊಂಡು ಬ್ಯಾಂಕಿಗೆ ಹೋಗಿ ಬಾಕಿ ಎಷ್ಟು ಎಂದು ಕೇಳಿದರೆ 44 ಲಕ್ಷ ಎನ್ನುತ್ತಾರೆ! ಅಸಲಿನಲ್ಲಿ ತೀರಿದ್ದು 6 ಲಕ್ಷವೂ ಇಲ್ಲ. ಹೆಚ್ಚುಕಡಿಮೆ 12 ವರ್ಷ ಕಳೆಯುವವರೆಗೆ ನಿಮ್ಮ ಕಂತಿನಲ್ಲಿ ಬಡ್ಡಿಯ ಪಾಲೇ ದೊಡ್ಡದು. ಅಸಲಿನ ಅರ್ಧ ತೀರುವ ಹೊತ್ತಿಗೆ ಸುಮಾರು 14 ವರ್ಷ ಆಗಿರುತ್ತದೆ. ಇದು ಯಾರೋ ಕದ್ದದ್ದಲ್ಲ. ಬಾಕಿ ಇರುವ ಸಾಲದ ಮೇಲೆ ಬಡ್ಡಿ, ಬಾಕಿ ದೊಡ್ಡದಿದ್ದಾಗ ಬಡ್ಡಿಯೂ ದೊಡ್ಡದು, ಅಷ್ಟೇ ಗಣಿತ. ಆದರೆ ಈ ಗಣಿತವನ್ನು ಸಹಿ ಹಾಕಿಸಿಕೊಳ್ಳುವ ಮೊದಲು ಎಷ್ಟು ಜನರಿಗೆ ಬಿಡಿಸಿ ಹೇಳುತ್ತಾರೆ?

"ಕಂತು ಭಾರವಾಯಿತೇ ಸರ್? ಅವಧಿ 30 ವರ್ಷ ಮಾಡಿಕೊಡೋಣ" ಎಂದು ಬೆಣ್ಣೆ ಸವರುತ್ತಾರೆ. ಅದೇ ಸಾಲ, ಅದೇ ಬಡ್ಡಿ, 30 ವರ್ಷ. ಕಂತು 38,446ಕ್ಕೆ ಇಳಿಯುತ್ತದೆ. ತಿಂಗಳಿಗೆ ಐದು ಸಾವಿರ ಉಳಿಯಿತು ಎಂದು ನೀವು ಹಿಗ್ಗುತ್ತೀರಿ. ಆದರೆ ಬಡ್ಡಿಯ ಮೊತ್ತ 88 ಲಕ್ಷಕ್ಕೆ ಏರಿತು! ತಿಂಗಳ ಐದು ಸಾವಿರದ ಆಸೆಗೆ 34 ಲಕ್ಷ ಹೆಚ್ಚು ದಂಡ. ಅದೇ ತಿಂಗಳಿಗೆ ಇನ್ನೂ 5,846 ರೂಪಾಯಿ ಹೆಚ್ಚು ಕಟ್ಟುವ ಶಕ್ತಿಯಿದ್ದು 15 ವರ್ಷಕ್ಕೆ ಸಾಲ ಮಾಡಿದರೆ ಬಡ್ಡಿ 38 ಲಕ್ಷದ 63 ಸಾವಿರಕ್ಕೆ ನಿಲ್ಲುತ್ತದೆ. ನೆನಪಿಡಿ: ಸಾಲದ ಬೆಲೆ ಕಂತಿನಲ್ಲಿಲ್ಲ, ವರ್ಷಗಳಲ್ಲಿದೆ. 30ನೇ ವಯಸ್ಸಿನಲ್ಲಿ 30 ವರ್ಷದ ಸಾಲಕ್ಕೆ ಸಹಿ ಹಾಕಿದವನು 60ನೇ ವಯಸ್ಸಿನವರೆಗೂ ತನ್ನ ದುಡಿಮೆಯನ್ನು ಅಡವಿಟ್ಟಿದ್ದಾನೆ.

ಈ ಲೆಕ್ಕವೆಲ್ಲ ಬಡ್ಡಿ ಏರದಿದ್ದರೆ ಮಾತ್ರ. ಏರಿದರೆ? ದೂರ ಹೋಗಬೇಕಿಲ್ಲ. 2021ರಲ್ಲಿ ಶೇ. 7ಕ್ಕಿಂತ ಕಡಿಮೆ ಬಡ್ಡಿಗೆ ಮನೆ ಸಾಲ ಎಂದು ಬ್ಯಾಂಕುಗಳು ಪೈಪೋಟಿಗೆ ಬಿದ್ದಿದ್ದವು. ಆಗ ರಿಸರ್ವ್ ಬ್ಯಾಂಕಿನ ರೆಪೊ ದರ ಶೇ. 4 ಇತ್ತು. 2022ರ ಮೇ ತಿಂಗಳಲ್ಲಿ ಏರಲು ಶುರುವಾಗಿ 2023ರ ಫೆಬ್ರುವರಿ ಹೊತ್ತಿಗೆ ಶೇ. 6.5 ಮುಟ್ಟಿತು. 2019ರ ಅಕ್ಟೋಬರ್‌ನಿಂದ ಬ್ಯಾಂಕುಗಳ ಹೊಸ ಫ್ಲೋಟಿಂಗ್ ಮನೆ ಸಾಲಗಳನ್ನು ಇಂಥ ಹೊರಗಿನ ದರಕ್ಕೇ ಕಟ್ಟಿಹಾಕಲಾಗಿದೆ. ಹೆಚ್ಚಿನವಕ್ಕೆ ಅದು ರೆಪೊ ದರವೇ. ಅದು ಏರಿದರೆ ನಿಮ್ಮ ಬಡ್ಡಿಯೂ ಏರುತ್ತದೆ.

ಶೇ. 6.75ಕ್ಕೆ 20 ವರ್ಷದ ಅವಧಿಯ 50 ಲಕ್ಷ ಸಾಲ ಎಂದುಕೊಳ್ಳಿ. ಕಂತು 38,018. ಎರಡು ವರ್ಷ ಕಟ್ಟಿದಿರಿ, ಉಳಿದದ್ದು 18 ವರ್ಷ. ಆಗ ಬಡ್ಡಿ ಶೇ. 9.25 ಆಯಿತು, ಕಂತನ್ನು ಮಾತ್ರ ಹಾಗೇ ಬಿಟ್ಟರು. ಉಳಿದ ಅವಧಿ ಎಷ್ಟಾಗುತ್ತದೆ ಗೊತ್ತೇ? 35 ವರ್ಷ ದಾಟುತ್ತದೆ! ಜೇಬಿನಿಂದ ಹೋಗುವ ಹಣ ಅಷ್ಟೇ ಇರುವುದರಿಂದ ಸಾಲಗಾರನಿಗೆ ಏನೂ ಗೊತ್ತಾಗುವುದಿಲ್ಲ. ಇಂಥ ದೂರುಗಳು ಹೆಚ್ಚಿದ ಮೇಲೆಯೇ 2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕು ಆದೇಶ ಹೊರಡಿಸಿದ್ದು. ಬಡ್ಡಿ ಬದಲಾದಾಗ ತಿಳಿಸಬೇಕು, ಕಂತು ಹೆಚ್ಚಿಸುವುದೋ ಅವಧಿ ಹೆಚ್ಚಿಸುವುದೋ ಎಂಬ ಆಯ್ಕೆಯನ್ನು ಸಾಲಗಾರನಿಗೇ ಕೊಡಬೇಕು ಎಂದು. 2025ರಲ್ಲಿ ರೆಪೊ ದರ ಇಳಿಯಿತು, ಜೂನ್ ಹೊತ್ತಿಗೆ ಶೇ. 5.5ಕ್ಕೆ ಬಂತು. ನಿಮ್ಮ ಸಾಲದ ಬಡ್ಡಿಯೂ ಅಷ್ಟೇ ಇಳಿಯಿತೇ? ವಿಚಾರಿಸಿದ್ದೀರಾ?

ಇನ್ನು ಸಾಲ ಕೈಗೆ ಬರುವ ಮೊದಲೇ ಹೋಗುವ ಹಣದ ಮಾತು. 30 ಲಕ್ಷದಿಂದ 75 ಲಕ್ಷದವರೆಗಿನ ಸಾಲಕ್ಕೆ ಬ್ಯಾಂಕು ಮನೆ ಬೆಲೆಯ ಶೇ. 80ಕ್ಕಿಂತ ಹೆಚ್ಚು ಕೊಡುವಂತಿಲ್ಲ. 50 ಲಕ್ಷ ಸಾಲ ಬೇಕೆಂದರೆ ಮನೆ ಬೆಲೆ 62.5 ಲಕ್ಷವಾದರೂ ಇರಬೇಕು, 12.5 ಲಕ್ಷ ನಿಮ್ಮ ಕೈಯಿಂದ ಹಾಕಬೇಕು. ಅದರ ಮೇಲೆ ನೋಂದಣಿ. ನಮ್ಮ ರಾಜ್ಯದಲ್ಲಿ 45 ಲಕ್ಷ ಮೀರಿದ ಆಸ್ತಿಗೆ ಮುದ್ರಾಂಕ ಶುಲ್ಕ ಶೇ. 5, ಅದರ ಮೇಲೆ ಸೆಸ್ ಮತ್ತು ಸರ್‌ಚಾರ್ಜ್. ನೋಂದಣಿ ಶುಲ್ಕವನ್ನು 2025ರ ಆಗಸ್ಟ್ 31ರಿಂದ ಶೇ. 1ರಿಂದ 2ಕ್ಕೆ ಏರಿಸಿದ್ದಾರೆ. ನಗರದಲ್ಲಿ ಎಲ್ಲ ಸೇರಿ ಶೇ. 7.6, ಅಂದರೆ 4 ಲಕ್ಷ 75 ಸಾವಿರ. ಒಟ್ಟು 17 ಲಕ್ಷಕ್ಕೂ ಹೆಚ್ಚು! ಇದನ್ನು ಅಪ್ಪನ ಪಿಂಚಣಿ ಹಣದಿಂದಲೋ, ಅಮ್ಮನ ಒಡವೆ ಗಿರವಿಯಿಟ್ಟೋ, ಇನ್ನೂ ದುಬಾರಿ ಬಡ್ಡಿಯ ಪರ್ಸನಲ್ ಲೋನ್ ತೆಗೆದೋ ತರುವವರು ಎಷ್ಟು ಮಂದಿ! ಆ ಸಾಲದ ಬಡ್ಡಿಯನ್ನೂ ಮನೆಯ ಬೆಲೆಗೆ ಸೇರಿಸಿ ಓದಿಕೊಳ್ಳಿ.

ಕಟ್ಟುತ್ತಿರುವ ಫ್ಲ್ಯಾಟ್ ಆದರೆ ಶೇ. 5 ಜಿಎಸ್‌ಟಿ ಬೇರೆ. ಬಿಲ್ಡರ್ ಕಟ್ಟಡ ಎಬ್ಬಿಸಿದಂತೆ ಬ್ಯಾಂಕು ಹಣ ಬಿಡುಗಡೆ ಮಾಡುತ್ತದೆ, ಬಿಟ್ಟ ಹಣಕ್ಕೆ ನೀವು ಬಡ್ಡಿ ಕಟ್ಟುತ್ತಾ ಹೋಗಬೇಕು. ಇದಕ್ಕೆ ಪ್ರೀ-ಇಎಂಐ ಎಂದು ಹೆಸರು. ಇದರಿಂದ ಅಸಲು ಒಂದು ರೂಪಾಯಿಯೂ ಇಳಿಯದು. ಬಿಲ್ಡರ್ ಎರಡು ವರ್ಷ ತಡ ಮಾಡಿದರೆ ಎರಡು ವರ್ಷ ಇತ್ತ ಬಾಡಿಗೆ, ಅತ್ತ ಬಡ್ಡಿ. ಸಾಲದ ಜೊತೆಗೆ ವಿಮೆಯನ್ನೂ ಅಂಟಿಸುತ್ತಾರೆ. ಒಂದೂವರೆ ಲಕ್ಷದ ಪ್ರೀಮಿಯಂ ಅನ್ನು ಸಾಲಕ್ಕೇ ಸೇರಿಸಿದರೆ 20 ವರ್ಷದಲ್ಲಿ ಅದು 3 ಲಕ್ಷದ ಮೇಲಾಗುತ್ತದೆ. ದುಡಿಯುವವನಿಗೆ ವಿಮೆ ಬೇಕು, ನಿಜ. ಆದರೆ ಬ್ಯಾಂಕು ತೋರಿಸಿದ ವಿಮೆಯನ್ನೇ ಕೊಳ್ಳಬೇಕೆಂಬ ಕಾನೂನು ಇಲ್ಲ.

"ಬಾಡಿಗೆ ಕಟ್ಟಿದರೆ ದಂಡ, ಕಂತು ಕಟ್ಟಿದರೆ ಆಸ್ತಿ" ಎಂಬುದು ದಲ್ಲಾಳಿಗಳ ಮಂತ್ರ. ಮೊದಲ ತಿಂಗಳ 35,417 ರೂಪಾಯಿ ಬಡ್ಡಿ ಏನು ಹಾಗಾದರೆ? ಅದು ಬ್ಯಾಂಕಿನ ದುಡ್ಡಿಗೆ ಕೊಡುವ ಬಾಡಿಗೆಯಲ್ಲವೇ? ಅಂಥದೇ ಮನೆಗೆ ಅದೇ ಬೀದಿಯಲ್ಲಿ ಬಾಡಿಗೆ ಎಷ್ಟು ಎಂದು ಕೇಳಿ ಬನ್ನಿ, ಎರಡನ್ನೂ ಪಕ್ಕಪಕ್ಕದಲ್ಲಿ ಬರೆಯಿರಿ. ಸ್ವಂತ ಮನೆಯ ಮೇಂಟೆನೆನ್ಸ್, ಆಸ್ತಿ ತೆರಿಗೆ, ಸುಣ್ಣ ಬಣ್ಣವನ್ನೂ ಸೇರಿಸಿ. "ತೆರಿಗೆ ಉಳಿಯುತ್ತೆ ಸರ್" ಎನ್ನುವವರನ್ನೂ ಪ್ರಶ್ನಿಸಿ. ಹೊಸ ತೆರಿಗೆ ಪದ್ಧತಿಯಲ್ಲಿ ತಾನೇ ವಾಸಿಸುವ ಮನೆಯ ಸಾಲದ ಬಡ್ಡಿಗೆ ವಿನಾಯಿತಿಯೇ ಇಲ್ಲ. ಹಳೆಯದರಲ್ಲಿ ವರ್ಷಕ್ಕೆ 2 ಲಕ್ಷವೇ ಮಿತಿ. ನಮ್ಮ ಲೆಕ್ಕದಲ್ಲಿ ಮೊದಲ ವರ್ಷದ ಬಡ್ಡಿಯೇ 4 ಲಕ್ಷ 21 ಸಾವಿರ!

ಹಾಗಾದರೆ ಮನೆ ಬೇಡವೇ? ಯಾರು ಹೇಳಿದರು! ತನ್ನ ಊರಿನಲ್ಲಿ ತನ್ನದೊಂದು ಸೂರು ಬೇಕೆನ್ನುವುದು ತಪ್ಪಲ್ಲ. ಬಾಡಿಗೆ ವರ್ಷವರ್ಷ ಏರುತ್ತದೆ, ಮಾಲೀಕ ಬಿಡು ಎಂದರೆ ಬಿಡಬೇಕು. ಸಂಬಳ ಏರಿದಂತೆ ಕಂತಿನ ಭಾರ ಹಗುರಾಗುವುದೂ ಉಂಟು. ಸಾಲ ಮಾಡಿ ಮನೆ ಮಾಡಿ ನೆಮ್ಮದಿಯಾಗಿರುವ ಕುಟುಂಬಗಳು ನಮ್ಮ ನಡುವೆ ಸಾವಿರಾರಿವೆ. ನಾವು ಕೇಳುವುದು ಇಷ್ಟೇ: ಬೆಲೆ ಗೊತ್ತಿದ್ದು ಕೊಳ್ಳಿ. ಕೆ.ಆರ್. ಮಾರ್ಕೆಟ್ಟಿನಲ್ಲಿ ಒಂದು ಕಟ್ಟು ಸೊಪ್ಪಿಗೆ ಚೌಕಾಸಿ ಮಾಡುವ ನಾವು ಕೋಟಿ ರೂಪಾಯಿಯ ಕಾಗದಕ್ಕೆ ತಲೆ ತಗ್ಗಿಸಿ ಸಹಿ ಹಾಕುವುದೇಕೆ?

ತಲೆ ತಗ್ಗಿಸಿದವನ ಗತಿ ಕಚೇರಿಯಲ್ಲೂ ಅದೇ. ಸಂಬಳದ ಮುಕ್ಕಾಲು ಕಂತಿಗೆ ಹೋಗುವವನು ಅನ್ಯಾಯ ಕಂಡರೂ ಬಾಯಿ ಬಿಡಲಾರ. ಹೆಚ್ಚುವರಿ ಕೆಲಸ ಹೇರಿದರೂ ಸುಮ್ಮನಿರುತ್ತಾನೆ. ಬೇರೆ ಕೆಲಸ, ಸ್ವಂತ ಉದ್ಯೋಗ ಎಂಬ ಕನಸನ್ನೇ ಮಡಿಚಿಡುತ್ತಾನೆ. ಕೆಲಸ ಹೋಯಿತೋ, 90 ದಿನ ಕಂತು ತಪ್ಪಿದರೆ ಸಾಲ ಕೆಟ್ಟ ಸಾಲವಾಗುತ್ತದೆ. 2002ರ ಸರ್ಫೇಸಿ ಕಾಯಿದೆಯಡಿ 60 ದಿನದ ನೋಟಿಸ್ ಕೊಟ್ಟು, ಕೋರ್ಟಿನ ಡಿಕ್ರಿ ಇಲ್ಲದೆಯೇ ಮನೆ ವಶಪಡಿಸಿಕೊಳ್ಳುವ ಅಧಿಕಾರ ಬ್ಯಾಂಕಿಗಿದೆ. ಪತ್ರ ನಿಮ್ಮ ಹೆಸರಲ್ಲಿದೆ ಎಂದ ಮಾತ್ರಕ್ಕೆ ಮನೆ ಪೂರ್ತಿ ನಿಮ್ಮದಾಗಲಿಲ್ಲ.

ಈಗ ಭಾಷೆಯ ವಿಷಯಕ್ಕೆ ಬರೋಣ. ಸಾಲದ ಕರಾರು ಹತ್ತಾರು ಪುಟ, ಎಲ್ಲ ಇಂಗ್ಲಿಷ್, ಅದೂ ವಕೀಲರ ಇಂಗ್ಲಿಷ್. ಪೆನ್ಸಿಲಿನಲ್ಲಿ ಗುರುತು ಹಾಕಿದ ಕಡೆಯೆಲ್ಲ ಸಹಿ ಮಾಡಿ ಎನ್ನುತ್ತಾರೆ. ಇಂಜಿನಿಯರಿಂಗ್ ಓದಿದವರಿಗೂ ಅರ್ಥವಾಗದ ಆ ಕಾಗದ, ಸಹ-ಸಾಲಗಾರರೆಂದು ಪಕ್ಕದಲ್ಲಿ ಕೂತು ಸಹಿ ಹಾಕುವ ನಿಮ್ಮ ಅಪ್ಪ ಅಮ್ಮನಿಗೆ ಅರ್ಥವಾಗುತ್ತದೆಯೇ? ಇದಕ್ಕೆ ಮದ್ದು ಕಾಗದದಲ್ಲೇ ಇದೆ, ಕೇಳುವವರಿಲ್ಲ ಅಷ್ಟೇ! 2024ರ ಏಪ್ರಿಲ್ 15ರ ರಿಸರ್ವ್ ಬ್ಯಾಂಕ್ ಸುತ್ತೋಲೆಯ ಪ್ರಕಾರ, ಆ ವರ್ಷದ ಅಕ್ಟೋಬರ್ 1ರಿಂದ ಮಂಜೂರಾಗುವ ಮನೆ ಸಾಲಗಳಿಗೆ 'ಕೀ ಫ್ಯಾಕ್ಟ್ಸ್ ಸ್ಟೇಟ್‌ಮೆಂಟ್' ಎಂಬ ಮುಖ್ಯಾಂಶ ಪತ್ರ ಕೊಡಲೇಬೇಕು. ಅದು ಸಾಲಗಾರನಿಗೆ ಅರ್ಥವಾಗುವ ಭಾಷೆಯಲ್ಲಿರಬೇಕು, ಅದನ್ನು ವಿವರಿಸಿ ಹೇಳಬೇಕು. ಶುಲ್ಕಗಳನ್ನೂ ಸೇರಿಸಿದ ನಿಜವಾದ ವಾರ್ಷಿಕ ದರ, ಪ್ರತಿ ಕಂತಿನಲ್ಲಿ ಅಸಲೆಷ್ಟು ಬಡ್ಡಿಯೆಷ್ಟು ಎಂಬ ಪಟ್ಟಿ ಅದರಲ್ಲಿರಬೇಕು. ಓದಿ ಯೋಚಿಸಲು ಕನಿಷ್ಠ 3 ಕೆಲಸದ ದಿನ ಕೊಡಬೇಕು. ಅದರಲ್ಲಿ ಬರೆಯದ ಶುಲ್ಕವನ್ನು ನಿಮ್ಮ ಸ್ಪಷ್ಟ ಒಪ್ಪಿಗೆಯಿಲ್ಲದೆ ವಸೂಲು ಮಾಡುವಂತಿಲ್ಲ.

ಆದ್ದರಿಂದ ಮಿತ್ರರೇ, ಈ ನಾಲ್ಕು ಮಾತನ್ನು ಗಟ್ಟಿಯಾಗಿ ಹಿಡಿಯಿರಿ.

ಒಂದು, ಮುಖ್ಯಾಂಶ ಪತ್ರವನ್ನು ಕನ್ನಡದಲ್ಲಿ ಕೊಡಿ ಎಂದು ಲಿಖಿತವಾಗಿ ಕೇಳಿ. ಮನೆಗೆ ತಂದು ಎಲ್ಲರೂ ಕೂತು ಓದಿ. ಕೊಡದಿದ್ದರೆ ಬ್ಯಾಂಕಿಗೇ ದೂರು ಬರೆಯಿರಿ. 30 ದಿನದಲ್ಲಿ ಉತ್ತರ ಬಾರದಿದ್ದರೆ ರಿಸರ್ವ್ ಬ್ಯಾಂಕಿನ ಒಂಬುಡ್ಸ್‌ಮನ್ ಇದ್ದಾರೆ.

ಎರಡು, ಕಂತು ಎಷ್ಟು ಎಂದು ಕೇಳಬೇಡಿ. ಕೊನೆಗೆ ಒಟ್ಟು ಎಷ್ಟು ಕಟ್ಟುತ್ತೇನೆ ಎಂದು ಕೇಳಿ. ಬಡ್ಡಿ ಶೇ. 2 ಏರಿದರೆ ಎಷ್ಟಾಗುತ್ತದೆ ಎಂದೂ ಕೇಳಿ.

ಮೂರು, ಬಡ್ಡಿ ಬದಲಾದಾಗಲೆಲ್ಲ ಉಳಿದ ಅವಧಿ ಎಷ್ಟು ಎಂದು ನೋಡಿ. ಅವಧಿ ಎಳೆಯಲು ಬಿಡಬೇಡಿ.

ನಾಲ್ಕು, ಕೈಯಲ್ಲಿ ಹಣ ಬಂದಾಗ ಅಸಲಿಗೆ ಕಟ್ಟಿ. ಫ್ಲೋಟಿಂಗ್ ಬಡ್ಡಿಯ ಮನೆ ಸಾಲವನ್ನು ಅವಧಿಗೆ ಮೊದಲೇ ತೀರಿಸಿದರೆ ಬ್ಯಾಂಕು ದಂಡ ಹಾಕಬಾರದು ಎಂದು 2012ರಲ್ಲೇ ಆದೇಶವಾಗಿದೆ. ನಮ್ಮ 20 ವರ್ಷದ ಲೆಕ್ಕದಲ್ಲಿ ವರ್ಷಕ್ಕೊಂದು ಕಂತು ಹೆಚ್ಚು ಕಟ್ಟುತ್ತಾ ಬಂದರೆ ಸಾಲ 3 ವರ್ಷಕ್ಕೂ ಮೊದಲೇ ತೀರುತ್ತದೆ, ಸುಮಾರು 10 ಲಕ್ಷ ಬಡ್ಡಿ ಉಳಿಯುತ್ತದೆ. ಬೋನಸ್ ಬಂದಾಗ ಹೊಸ ಬೈಕಿನ ಮುಂದೆ ನಿಲ್ಲುವ ಮೊದಲು ಈ ಸಾಲನ್ನು ನೆನೆಯಿರಿ. ಸಾಲ ತೀರಿದ ಮೇಲೆ 30 ದಿನದೊಳಗೆ ಮೂಲ ಪತ್ರಗಳನ್ನು ಕೇಳಿ ಪಡೆಯಿರಿ. ಬ್ಯಾಂಕಿನ ತಪ್ಪಿನಿಂದ ತಡವಾದರೆ ದಿನಕ್ಕೆ 5,000 ರೂಪಾಯಿಯಂತೆ ಪರಿಹಾರ ಕೊಡಬೇಕೆಂಬ ನಿಯಮ 2023ರ ಡಿಸೆಂಬರ್ 1ರಿಂದಲೇ ಇದೆ.

ಕನ್ನಡ ಬರೀ ಹಾಡಿಗಲ್ಲ, ಹಬ್ಬಕ್ಕಲ್ಲ, ನವೆಂಬರ್ 1ರ ಬಾವುಟಕ್ಕಲ್ಲ. ಲೆಕ್ಕಕ್ಕೂ ಕನ್ನಡ ಬೇಕು. ಅರ್ಥವಾಗದ ಭಾಷೆಯಲ್ಲಿ ಮಾಡಿದ ಸಹಿ ಕಣ್ಣು ಕಟ್ಟಿಕೊಂಡು ಒತ್ತಿದ ಹೆಬ್ಬೆಟ್ಟೇ ಸರಿ. ಬ್ಯಾಂಕಿನ ಕುರ್ಚಿಯಲ್ಲಿ ನೆಟ್ಟಗೆ ಕೂತು "ಕನ್ನಡದಲ್ಲಿ ತೋರಿಸಿ, ಓದಿ ಸಹಿ ಹಾಕುತ್ತೇನೆ" ಎನ್ನಿ. ಹಾಗೆ ಕೇಳುವುದಕ್ಕೆ ಬಡ್ಡಿಯಿಲ್ಲ, ಕಂತಿಲ್ಲ, ಜಾಮೀನೂ ಬೇಕಿಲ್ಲ. ಕೇಳದೇ ಇದ್ದರೆ ಮಾತ್ರ 20 ವರ್ಷ ಕಟ್ಟುತ್ತಲೇ ಇರಬೇಕು.